ನೀಲಿ ಮುಚ್ಚಳದ ನೆಂಟ

ಎಂಥ ಮರ್ಯಾದಸ್ಥರ ಮನೆತನದಲ್ಲೂ ನಾಲ್ಕು ಜನರ ಮುಂದೆ ಹೇಳಿಕೊಳ್ಳಲು ಸಂಕೋಚವಾಗುವ ಒಬ್ಬ ನೆಂಟನಿರುತ್ತಾನೆ. ಇಡೀ ಮನುಷ್ಯಕುಲಕ್ಕೆ ಅಂಥ ನೆಂಟನೆಂದರೆ ಹರ್ಡ್‌ಮೇನಿಯಾ. ಸಮುದ್ರದ ತಳದಲ್ಲಿ ಬಂಡೆಗೆ ಅಂಟಿಕೊಂಡು, ಒಂದು ತೂತಿನಿಂದ ನೀರೆಳೆದು ಇನ್ನೊಂದರಿಂದ ಬಿಡುತ್ತ, ಸೋಸಿ ಸಿಕ್ಕಿದ್ದನ್ನು ತಿಂದು ಬದುಕುವ ಚರ್ಮದ ಚೀಲ ಅದು. ಹಿಂದಿನ ಪಂಡಿತರು ಇದನ್ನು ಚಿಪ್ಪುಪ್ರಾಣಿಗಳ ಪಂಕ್ತಿಯಲ್ಲಿ ಕೂರಿಸಿದ್ದರಂತೆ. ಆಮೇಲೆ ಯಾರೋ ಅದರ ಮರಿಯನ್ನು ನೋಡಿದರು. ಮರಿಗೆ ಬಾಲವಿದೆ, ಬಾಲದಲ್ಲಿ ನೋಟೊಕಾರ್ಡ್ ಎಂಬ ಬೆನ್ನಿನ ಕಡ್ಡಿಯಿದೆ, ಅದರ ಮೇಲೊಂದು ನರದ ಹುರಿಯಿದೆ. ಗೊದಮೊಟ್ಟೆಯ ಹಾಗೆ ಈಜುತ್ತದೆ. ಅಷ್ಟು ಸಾಕಾಯಿತು, ಅದನ್ನು ಅಲ್ಲಿಂದ ಎಬ್ಬಿಸಿ ಮೀನು, ಎಮ್ಮೆ, ಮನುಷ್ಯರ ಸಾಲಿಗೆ ತಂದರು. ಈ ಸುದ್ದಿ ಅದಕ್ಕೆ ಮುಟ್ಟಿದಂತಿಲ್ಲ. ಕೆಲವು ತಾಸು ಈಜಿ, ತಲೆಯನ್ನು ಬಂಡೆಗೆ ಹಚ್ಚಿ, ಬಾಲವನ್ನೂ ಕಡ್ಡಿಯನ್ನೂ ಕರಗಿಸಿಕೊಂಡು, ಮಿದುಳನ್ನು ಒಂದು ಗಂಟಿನಷ್ಟು ಉಳಿಸಿಕೊಂಡು ಕುಳಿತರೆ ಮತ್ತೆ ಏಳುವುದಿಲ್ಲ. ಇದನ್ನೆಲ್ಲ ಒಂದು ಭಾನುವಾರ ಆರಾಮ ಕುರ್ಚಿಯಲ್ಲಿ ಒರಗಿ ಹೆಂಡತಿಗೆ ವಿವರಿಸಿದೆ. ಆಕೆ ನನ್ನನ್ನೇ ಸ್ವಲ್ಪ ಹೊತ್ತು ನೋಡಿ, ಖಾಲಿ ಕಪ್ಪು ಎತ್ತಿಕೊಂಡು ಒಳಗೆ ಹೋದಳು.

ಎಂಬತ್ತರ ದಶಕದ ಕೊನೆಯ ಮಾತು. ರಾಣೆಬೆನ್ನೂರಿನ ಕಾಲೇಜೊಂದರಲ್ಲಿ ನಾನು ಪ್ರಾಣಿಶಾಸ್ತ್ರದ ಮೇಷ್ಟ್ರು. ನಮ್ಮ ಪ್ರಯೋಗಶಾಲೆಯಲ್ಲಿ ಹರ್ಡ್‌ಮೇನಿಯಾ ಇದ್ದದ್ದು ಒಂದೇ, ನೀಲಿ ಮುಚ್ಚಳದ ಬಾಟಲಿಯಲ್ಲಿ, ಚಹಾದ ಬಣ್ಣಕ್ಕೆ ತಿರುಗಿದ ಫಾರ್ಮಲಿನ್ನಿನೊಳಗೆ. ಪರೀಕ್ಷೆಯ ದಿನ ಬಾಟಲಿಗಳನ್ನು ಸಾಲಾಗಿ ಇಡುತ್ತಿದ್ದೆವು. ಹುಡುಗರು ಗುರುತಿಸಿ ಹೆಸರು, ವರ್ಗ, ಲಕ್ಷಣ ಬರೆಯಬೇಕಿತ್ತು. ಒಳಗಿನ ಪ್ರಾಣಿಯನ್ನು ಯಾರೂ ನೋಡುತ್ತಿರಲಿಲ್ಲ. ನೀಲಿ ಮುಚ್ಚಳವೆಂದರೆ ಹರ್ಡ್‌ಮೇನಿಯಾ, ಸೀಳಿದ ಮುಚ್ಚಳವೆಂದರೆ ನಕ್ಷತ್ರಮೀನು. ಹಿಂದಿನ ಬ್ಯಾಚಿನವರು ಮುಂದಿನವರಿಗೆ ಹೇಳಿಕೊಟ್ಟು ಹೋಗುವ ವಿದ್ಯೆ ಇದು. ನನಗೆ ಗೊತ್ತಿತ್ತು, ನಾನೂ ಹಾಗೆಯೇ ಪಾಸಾದವನು.

ಆ ವರ್ಷ ಇಪ್ಪತ್ತೆರಡು ಜನರಲ್ಲಿ ಇಪ್ಪತ್ತೊಂದು ಜನ ಹರ್ಡ್‌ಮೇನಿಯಾ ಎಂದು ಬರೆದು, ಎರಡು ತೂತುಗಳ ಸಮೇತ ಅಂದವಾದ ಚಿತ್ರ ತೆಗೆದಿದ್ದರು. ಮೇಡ್ಲೇರಿಯಿಂದ ಬರುತ್ತಿದ್ದ ನಸ್ರೀನ್ ಮಾತ್ರ, ಬಾಟಲಿಯನ್ನು ಸುತ್ತ ತಿರುಗಿಸಿ ನೋಡಿದರೂ ತೂತು ಕಾಣಲಿಲ್ಲ, ಇದು ಪ್ರಾಣಿಯೇ ಅಲ್ಲವೆಂದು ತೋರುತ್ತದೆ ಎಂದು ಬರೆದಿದ್ದಳು. ನನಗೆ ರೇಗಿತು. ಹನ್ನೊಂದು ವರ್ಷ ನಾನು ಪಾಠ ಮಾಡಿದ ಪ್ರಾಣಿಯನ್ನು ಪ್ರಾಣಿಯಲ್ಲ ಎನ್ನುವುದೇ? ಕೆಂಪು ಶಾಯಿಯಲ್ಲಿ ದುಂಡಗೆ ಸೊನ್ನೆ ಹಾಕಿದೆ. ಹೊರಗಿನಿಂದ ಬಂದಿದ್ದ ಪರೀಕ್ಷಕರೂ ತಲೆಯಾಡಿಸಿದರು. ಬಸ್ಸು ಕೆಟ್ಟು ಅವಳು ತಡವಾಗಿ ಬಂದದ್ದರಿಂದ ಕೊಯ್ದು ತೋರಿಸುವ ಪ್ರಯೋಗ ಮೊದಲೇ ಅರ್ಧಕ್ಕೆ ನಿಂತಿತ್ತು; ಈ ಸೊನ್ನೆಯೂ ಸೇರಿ ಎರಡು ಅಂಕಕ್ಕೆ ನಪಾಸು. ಹರ್ಡ್‌ಮೇನಿಯಾವನ್ನು ಪ್ರಾಣಿಯಲ್ಲವೆಂದು ಬರೆದು, ಬಿ.ಎಡ್. ಮಾಡಬೇಕೆಂದಿದ್ದ ಹುಡುಗಿ ಒಂದು ವರ್ಷ ಕಳೆದುಕೊಂಡಳು ಎಂದು ನಾವಿಬ್ಬರೂ ಮಾತಾಡಿಕೊಂಡೆವು.

ಅಂಕಪಟ್ಟಿಯ ಲಕೋಟೆಗೆ ಅರಗು ಹಚ್ಚಲು ಬಂದಿದ್ದ ಅಟೆಂಡರ್ ಬಶೀರಸಾಬರ ಕಿವಿಗೆ ಆ ಮಾತು ಬಿತ್ತು. ನನಗಿಂತ ಹತ್ತು ವರ್ಷ ಹಿರಿಯರು. ಅರಗಿನ ಕಡ್ಡಿಯನ್ನು ಮೇಜಿನ ಮೇಲಿಟ್ಟರು.

"ಆ ಹುಡುಗಿ ಖರೇನ ಬರದಾಳ್ರಿ ಸರ. ಅದು ಬಟಾಟಿ ಐತ್ರಿ."

ದೀಪಾವಳಿ ಸೂಟಿಯಲ್ಲಿ ಬಾಟಲಿ ತೊಳೆಯುವಾಗ ಹಳೆಯ ಹರ್ಡ್‌ಮೇನಿಯಾ ಅವರ ಕೈಯಲ್ಲೇ ಚೂರುಚೂರಾಗಿತ್ತಂತೆ. ನೌಕರಿಗೆ ಏನಾದೀತೋ ಎಂಬ ಹೆದರಿಕೆ. "ನೀವ ಪ್ರತಿ ವರ್ಷ ಪಾಠದಾಗ ಹೇಳ್ತಿದ್ರೆಲ್ರಿ, ನೋಡಾಕ ಥೇಟ್ ಬಟಾಟಿ ಇದ್ದಂಗ ಇರತೈತಿ ಅಂತ. ಅದಕ್ಕ ಅದನ್ನ ಹಾಕಿದ್ನಿರಿ." ನನ್ನ ಪಾಠವನ್ನು ಅಷ್ಟು ಶ್ರದ್ಧೆಯಿಂದ ಕೇಳಿದವರು ಅವರೊಬ್ಬರೇ ಇರಬೇಕು. ಎದ್ದು ಹೋಗಿ ನೀಲಿ ಮುಚ್ಚಳದ ಬಾಟಲಿ ತಂದೆ.

ಪರೀಕ್ಷಕರು ಬಾಟಲಿಯನ್ನು ಕಿಟಕಿಗೆ ಹಿಡಿದು, ಆಲೂಗಡ್ಡೆಯ ಮೇಲಿನ ಮೊಳಕೆಯ ಗುರುತುಗಳನ್ನು ಎಣಿಸಿದರು. ನಸ್ರೀನಳಿಗೆ ಪೂರ್ತಿ ಅಂಕ ಕೊಡೋಣವೆಂದೆ. ಒಪ್ಪಿದರು. ಆಲೂಗಡ್ಡೆಗೆ ಎರಡು ತೂತು ಬರೆದ ಇಪ್ಪತ್ತೊಂದು ಜನರದೇನು ಎಂದು ಕೇಳಿದೆ. "ಅವರಿಗೆ ಸೊನ್ನಿ ಕೊಟ್ಟರ ನಾವಿಬ್ಬರೂ ಒಂದೊಂದು ತಗೋಬೇಕಾಗತೈತ್ರಿ," ಎಂದರು. ಅಂಕ ತಿದ್ದಿ, ಇಬ್ಬರೂ ಸಹಿ ಮಾಡಿ, ಅರಗು ಹಚ್ಚಿಸಿದೆವು.

ಫಲಿತಾಂಶ ಬಂದ ಮೇಲೆ ನಸ್ರೀನ್ ಪೇಢೆ ಹಿಡಿದು ಬಂದಳು. ನಡೆದದ್ದನ್ನೆಲ್ಲ ಹೇಳಿ ತಪ್ಪೊಪ್ಪಿಕೊಂಡೆ. ಅವಳು ಸಿಟ್ಟಾಗಲಿಲ್ಲ, ಹಾಗಾದರೆ ನಿಜವಾದ ಹರ್ಡ್‌ಮೇನಿಯಾ ಒಮ್ಮೆ ತೋರಿಸಿರೆಂದು ಕೇಳಿದಳು. ಹೊಸದು ಆ ವಾರವಷ್ಟೇ ಬಂದಿತ್ತು. ಬಾಟಲಿಯನ್ನು ಪೆಟ್ಟಿಗೆಯ ಹುಲ್ಲಿನಿಂದ ಬಿಡಿಸಿ ಕೊಟ್ಟೆ. ಅವಳು ಬೆಳಕಿಗೆ ಹಿಡಿದು ನಿಧಾನವಾಗಿ ತಿರುಗಿಸಿ, "ಇಲ್ಲೊಂದು ಐತ್ರಿ, ಇಲ್ಲೊಂದು," ಎಂದು ಬೆರಳಿಟ್ಟು ತೋರಿಸಿದಳು. ಹೆಗಲ ಹಿಂದಿನಿಂದ ಕತ್ತು ಚಾಚಿ ನೋಡಿದೆ. ಖರೆ, ಎರಡಿದ್ದವು. ಅವು ನನ್ನ ಕಣ್ಣಿಗೆ ಬಿದ್ದದ್ದು ಅದೇ ಮೊದಲ ಸಲ.

"ಬರೋಬರಿ ಗುರುತಿಸೀದಿ," ಎಂದು ಗಂಭೀರವಾಗಿ ಹೇಳಿದೆ.