ಮೆಟ್ಟಿಲ ಮೇಲಿನ ಸಭೆ

ಮನೆ ಬದಲಾಯಿಸುವವರ ಸಾಮಾನು ಸಾಗಿಸುವ ಲಾರಿಗೆ ಅವನು ಮೇಸ್ತ್ರಿ. ಅಲ್ಲಿ ಅವನೊಂದು ‘ಹೂಂ’ ಅಂದರೆ ಸಾಕು, ಆಳುಗಳು ಬೀರು, ಮಂಚ ಎಲ್ಲ ಎತ್ತಿಬಿಡುತ್ತಿದ್ದರು. ಮನೆಯಲ್ಲಿ ಮಾತ್ರ ಅವನ ಮಾತಿಗೆ ಒಂದು ಚಮಚವೂ ಅಲುಗುತ್ತಿರಲಿಲ್ಲ.

ತಪ್ಪು ಅವನದೇ. ಅಡುಗೆಮನೆಯಲ್ಲಿ ಡಬ್ಬಿ ಇಡುವ ಹಲಗೆಯನ್ನು ಯಾರನ್ನೂ ಕೇಳದೆ ತನ್ನ ಎತ್ತರಕ್ಕೆ ಹೊಡೆದಿದ್ದ. ಅಂದಿನಿಂದ ಚಿಟಿಕೆ ಉಪ್ಪಿಗೂ ಹೆಂಡತಿ ಸ್ಟೂಲು ಹತ್ತಬೇಕು.

“ಇನ್ನೊಂದ್ಸಲ ಕೇಳದೆ ಏನಾದ್ರೂ ಮಾಡಿ ನೋಡಿ, ತವರಿಗೆ ಹೋಗ್ತೀನಿ,” ಎಂದಿದ್ದಳು. (ತವರು ದೂರವೇನಿರಲಿಲ್ಲ. ಅವಳ ತಾಯಿ, ತಮ್ಮ ಅದೇ ಮನೆಯ ಮಹಡಿಯ ಮೇಲಿದ್ದರು.)

ಅತ್ತೆಗೆ ಮಂಡಿನೋವು. ಅವರನ್ನು ಕೆಳಗಿನ ಕೋಣೆಗೆ ತಂದರೆ ಹೆಂಡತಿಯ ಮುನಿಸು ಇಳಿದೀತೆಂದು ಮೇಸ್ತ್ರಿಗೆ ಆಸೆ. ಈ ಸಲ ಎಲ್ಲವನ್ನೂ ಕೇಳಿಯೇ ಮಾಡುವುದೆಂದು ಪಣ ತೊಟ್ಟ. ಅತ್ತೆ ಸ್ನಾನಕ್ಕೆ ಹೋದದ್ದೇ ತಡ, ಅವರ ಬೀರು ಹೊರಟಿತು. ಭಾರದ ತುದಿ ಹಿಡಿದು ಕೆಳಗೆ ಮೇಸ್ತ್ರಿ, ಮೇಲೆ ಹೆಂಡತಿ, ಭಾವಮೈದ.

ಮೆಟ್ಟಿಲು ತಿರುಗುವಲ್ಲಿ ಮೇಸ್ತ್ರಿ ನಿಂತ. ಲಾರಿಯ ಕೆಲಸವಾಗಿದ್ದರೆ ‘ಎಡಕ್ಕೆ’ ಎಂದು ಮುಗಿಸುತ್ತಿದ್ದ.

“ಎಡಕ್ಕೆ ತಿರುಗಿಸೋಣ್ವಾ, ಬಲಕ್ಕಾ? ನಿಮ್ಮ ಅಭಿಪ್ರಾಯ ಹೇಳಿ.”

“ನನ್ನ ಕೈ ಜಾರ್ತಿದೆ ಕಣ್ರೀ.”

“ಅದು ಅಭಿಪ್ರಾಯ ಅಲ್ಲ.”

“ಬಲಕ್ಕೇ ಭಾವ,” ಎಂದ ಭಾವಮೈದ.

“ಎಡಕ್ಕೆ ಕಣೋ. ಗೋಡೆ ಕಾಣಲ್ವಾ ನಿಂಗೆ?” ಎಂದಳು ಹೆಂಡತಿ.

“ಒಬ್ಬೊಬ್ಬರಾಗಿ ಮಾತಾಡಿ,” ಎಂದ ಮೇಸ್ತ್ರಿ, ಬೀರುವಿನಡಿ ಗದ್ದ ಸಿಕ್ಕಿಸಿಕೊಂಡೇ, ಸಭಾಧ್ಯಕ್ಷರ ಗಾಂಭೀರ್ಯದಿಂದ.

ಅಷ್ಟರಲ್ಲಿ ಬಹುಮತ ಎಡಕ್ಕೂ ಅಲ್ಪಮತ ಬಲಕ್ಕೂ ಎಳೆದು, ಬೀರು ಎರಡು ಗೋಡೆಗಳ ನಡುವೆ ಬೆಣೆಯ ಹಾಗೆ ಕಚ್ಚಿ ಕೂತಿತು.

ಒದ್ದೆ ಕೂದಲಿಗೆ ಟವೆಲು ಸುತ್ತಿಕೊಂಡು ಅತ್ತೆ ಬಂದರು. “ನನ್ನ ಬೀರು ಎಲ್ಲಿಗೆ ಹೊರಟಿದೆ?”

“ನಿಮ್ಮ ಮಂಡಿಗೆ ಅನುಕೂಲ ಅಂತ, ಕೆಳಗಿನ ಕೋಣೆಗೆ...”

“ಅಮ್ಮನ್ನೇ ಕೇಳಿಲ್ವಾ ನೀವು?” ಹೆಂಡತಿಯ ದನಿ ಬೀರುವಿನ ಮೇಲಿಂದ ಇಳಿದು ಬಂತು.

ಮೇಸ್ತ್ರಿ ನೆನಪಿಸಿಕೊಂಡ. ಎಲ್ಲವನ್ನೂ ಕೇಳಿದ್ದ, ಅದೊಂದನ್ನು ಬಿಟ್ಟು.

“ಅಳಿಯಂದಿರೇ,” ಎಂದರು ಅತ್ತೆ ಮೆತ್ತಗೆ. “ಮೇಲೆ ನನ್ನ ಕೋಣೆ ಕಿಟಕೀಲಿ ಬೀದಿ ಪೂರ್ತಿ ಕಾಣುತ್ತೆ. ಸಂಜೆ ನೀವು ಲಾರಿ ಇಳಿಯೋದು ಮೊದಲು ಕಾಣೋದು ನನಗೆ. ನಾನು ಕೂಗಿ ಹೇಳಿದ ಮೇಲೇ ಇವಳು ಒಲೆ ಹಚ್ಚೋದು. ಅದನ್ನೂ ಕಿತ್ಕೊಂಡ್ರೆ ನನಗೆ ಬೇರೆ ಕೆಲಸ ಏನಿದೆ?”

ಮೇಸ್ತ್ರಿ ಬೀರುವಿನಡಿಯಿಂದ ಗದ್ದ ಬಿಡಿಸಿಕೊಂಡ. ದಿನವೂ ಬಿಸಿ ಅನ್ನ ಸಿಗುವುದು ತನ್ನ ಅದೃಷ್ಟವೆಂದುಕೊಂಡಿದ್ದ.

“ಎತ್ತೋಕೆ ಮುಂಚೆ ಕೇಳ್ಬೇಕಿತ್ತು ಭಾವ,” ಎಂದ ಭಾವಮೈದ. “ಎತ್ತಿದ ಮೇಲೆ ಸುಮ್ನೆ ಹೇಳ್ಬೇಕಿತ್ತು.”

ಬೀರು ಬಿಡಿಸುವ ಆಳುಗಳು ಬರುವುದು ಸಂಜೆಗೆ. ಹೆಂಡತಿ ಆಡಿದ ಮಾತು ಉಳಿಸಿಕೊಂಡು ತವರಿನಲ್ಲೇ ಕೂತಳು. ಕೆಳಗೆ ಉಳಿದದ್ದು ಅಡುಗೆಮನೆ ಮತ್ತು ಮೇಸ್ತ್ರಿ. ಪುಣ್ಯಕ್ಕೆ, ಬೀರುವಿನ ಮೇಲಿನ ಸಂದಿಯಲ್ಲಿ ತಟ್ಟೆ ದಾಟುವಷ್ಟು ಜಾಗವಿತ್ತು.

ಸಾರು ಕುದಿಯುವ ಹೊತ್ತಿಗೆ ಮೇಲಿನಿಂದ ಹೆಂಡತಿಯ ದನಿ ಬಂತು: “ಉಪ್ಪು ಸಿಕ್ತಾ?”

“ಸಿಕ್ತು. ಕೈಯೆತ್ತಿದ್ರೆ ಸರಿಯಾಗಿ ಅಲ್ಲೇ ಇದೆ,” ಎಂದ ಮೇಸ್ತ್ರಿ, ತುಸು ಹೆಮ್ಮೆಯಿಂದಲೇ.

“ಹಾಗಾದ್ರೆ ಹಲಗೆ ಅಲ್ಲೇ ಇರ್ಲಿ ಬಿಡಿ. ಇನ್ಮೇಲೆ ಅಡುಗೆ ಮಾಡೋರ ಎತ್ತರಕ್ಕೇ ಇದೆ.”

ಈ ತೀರ್ಮಾನಕ್ಕೆ ಮೇಸ್ತ್ರಿಯ ಅಭಿಪ್ರಾಯವನ್ನು ಯಾರೂ ಕೇಳಲಿಲ್ಲ.