ಎಡಗಡೆಯ ಜಾಗ

ಕ್ಲಿಫರ್ಡ್ ಊರ ಚೌಕದಲ್ಲಿ ಬತ್ತಲೆ ನಿಲ್ಲಬೇಕಾಗಿ ಬಂದದ್ದು ಅವನ ಹೆಂಡತಿ ತುಂಬಿದ ಒಂದು ಅರ್ಜಿಯಿಂದ. ಸಾವಿರಾರು ಜನರ ಬಟ್ಟೆ ಬಿಚ್ಚಿಸಿ, ನೀಲಿ ಬಣ್ಣ ಬಳಿಸಿ ಫೋಟೊ ತೆಗೆಯುವ ಕಲಾವಿದನೊಬ್ಬ ಇಂಗ್ಲೆಂಡಿನ ಹಂಬರ್ ನದಿಯ ದಂಡೆಯ ನಮ್ಮೂರಿಗೆ ಬರುತ್ತಾನೆಂದು ಗೊತ್ತಾದ ದಿನವೇ ಡೊರೀನ್ ಇಬ್ಬರ ಹೆಸರನ್ನೂ ಬರೆದು ಕಳಿಸಿದ್ದಳು. "ಬರ್ತೀನಿ ಅಂತ ಮಾತು ಕೊಡು" ಅಂದಳು. ಕೊಟ್ಟ. ಫೆಬ್ರುವರಿಯಲ್ಲಿ ಅವಳು ತೀರಿಕೊಂಡಳು. ಜುಲೈನಲ್ಲಿ ಇಬ್ಬರ ಹೆಸರಿಗೂ ಕರೆ ಬಂತು.

ಕಡಲ ದಂಡೆಯಲ್ಲೂ ಟವೆಲ್ ಸುತ್ತಿಕೊಂಡೇ ಚಡ್ಡಿ ಬದಲಾಯಿಸುವ ಪ್ರಾಣಿ ಅವನು. ಆದರೆ ಕೊಟ್ಟ ಮಾತು ನಡೆಸಲೇಬೇಕಿತ್ತು. ಪಕ್ಕದ ಮನೆಯ ಮಿಸೆಸ್ ಪಿಕರಿಂಗ್‌ಗೆ ಮಾತ್ರ ಸುಳಿವು ಸಿಗಬಾರದಿತ್ತು. ಹಿಂದಿನ ಸಂಜೆ ಅವಳು ಬೇಲಿಯಾಚೆಯಿಂದ ಬೀದಿಗೆಲ್ಲ ಕೇಳುವಂತೆ ಕೂಗಿದಳು.

"ಏನ್ರೀ, ಚೀಲ ತುಂಬ್ತಿದೀರಿ! ಎಲ್ಲಿಗೆ ಸವಾರಿ?"

"ಬೆಳಗ್ಗೆ ಮೀನು ಹಿಡಿಯೋಕೆ."

"ನೀವು? ಮೀನು? ಸರಿ, ನಮ್ಮ ಬೆಕ್ಕಿಗೆ ಎರಡು ತನ್ನಿ. ಬುತ್ತಿಗೆ ಇವು ಇಟ್ಕೊಳ್ಳಿ." ಬೇಲಿ ಮೇಲಿಂದ ಆರು ದ್ರಾಕ್ಷಿ ಬನ್ನು ಬಂದವು.

ಬೆಳಕು ಹರಿಯುವಾಗ ಚೌಕದ ತುಂಬ ನೀಲಿ ಜನ. ಕನ್ನಡಕ, ಗಡಿಯಾರ ಯಾವುದೂ ಮೈಮೇಲೆ ಇರಕೂಡದೆಂಬ ನಿಯಮ. ಕನ್ನಡಕ ತೆಗೆದ ಕ್ಲಿಫರ್ಡನಿಗೆ ಕಾಣುತ್ತಿದ್ದದ್ದು ನೀಲಿ ಮಂಜು ಮಾತ್ರ. ಅವನು ಎಡಗಡೆ ಒಬ್ಬರಿಗಾಗುವಷ್ಟು ಜಾಗ ಬಿಟ್ಟು ನಿಂತ.

"ಅಜ್ಜಾ, ಒತ್ತಿ ನಿಂತ್ಕೊಳ್ಳಿ," ಸಾಲು ಸರಿಪಡಿಸುತ್ತಿದ್ದ ಹುಡುಗಿ ಅಂದಳು. "ಮೇಲಿಂದ ಫೋಟೊ ತೆಗೆದ್ರೆ ತೂತು ಕಾಣ್ಸುತ್ತೆ."

"ಅದು ನನ್ನ ಹೆಂಡತಿ ಜಾಗಮ್ಮ."

"ಎಲ್ಲಿ ಅವರು?"

ಕ್ಲಿಫರ್ಡ್ ಆ ಖಾಲಿ ಜಾಗದತ್ತ ತಿರುಗಿದ. ಅಷ್ಟರಲ್ಲಿ ನೀಲಿ ಹೆಂಗಸೊಬ್ಬಳು ಬಂದು ಆ ಜಾಗದಲ್ಲಿ ನಿಂತು, "ನಾನಿರ್ತೀನಿ ಬಿಡಮ್ಮ" ಎಂದು ಪಿಸುಗುಟ್ಟಿದಳು. ಗಲಾಟೆ ಮಾಡಬೇಡಿ ಎಂದು ಆಗಲೇ ಮೈಕಿನಲ್ಲಿ ಹೇಳಿಯಾಗಿತ್ತು; ಎಲ್ಲರದೂ ಪಿಸುಮಾತೇ.

ಚಳಿಯಲ್ಲಿ ಮುಕ್ಕಾಲು ಗಂಟೆ ಕಾಯಬೇಕಾಯಿತು. ಹೆಂಗಸು ಅವನ ಕೈ ಹಿಡಿದು, "ಹೇಳಿ, ಹೇಗಿದ್ರು ಅವರು?" ಎಂದಳು.

ಐದು ತಿಂಗಳಿಂದ ಅವನನ್ನು ಯಾರೂ ಹಾಗೆ ಕೇಳಿರಲಿಲ್ಲ. ಗುರುತಿಲ್ಲದವಳ ಮುಂದೆ ಬತ್ತಲೆ ನಿಂತ ಮೇಲೆ ಮುಚ್ಚಿಡುವುದೇನು? ಈಗಲೂ ಎರಡು ಕಪ್ ಟೀ ಮಾಡುವುದನ್ನು ಹೇಳಿದ. ಹಾಸಿಗೆಯಲ್ಲಿ ಅವಳ ಮಗ್ಗುಲಿಗೆ ಹೊರಳಲು ಧೈರ್ಯವಾಗದ್ದನ್ನು ಹೇಳಿದ. ಕಣ್ಣೀರು ಬಣ್ಣದೊಳಗೆ ಇಳಿಯಿತು. ದುಃಖ ತುಸು ಹಗುರಾಯಿತು.

"ಅಕ್ಕಪಕ್ಕದಲ್ಲಿ ಮಾತಾಡೋಕೆ ಯಾರೂ ಇಲ್ವಾ?"

"ಪಕ್ಕದ ಮನೆಯವಳಿದ್ದಾಳೆ. ಅವಳಿಗೆ ಹೇಳಿದ್ರೆ ಮಧ್ಯಾಹ್ನದೊಳಗೆ ಊರಿಗೆಲ್ಲ ಹಂಚಿರ್ತಾಳೆ. ಅವಳ ದ್ರಾಕ್ಷಿ ಬನ್ನೋ, ಕಲ್ಲು! ಮೂವತ್ತು ವರ್ಷದಿಂದ ಕಡಲಹಕ್ಕಿಗಳಿಗೆ ಹಾಕ್ತಿದೀನಿ. ಅವೂ ಒಂದ್ಸಲ ಯೋಚ್ನೆ ಮಾಡಿ ತಿಂತವೆ."

"ಬನ್ನು ಕಲ್ಲು ಅಂತ ಅವರಿಗೆ ಹೇಳ್ಬಾರ್ದಾ?"

"ಛೆ! ನೊಂದ್ಕೊಳಲ್ವಾ ಪಾಪ?"

ಅವಳು ಹಿಡಿದ ಕೈ ಬಿಡಲಿಲ್ಲ. ಮೇಲಿಂದ "ಅಲುಗಾಡ್ಬೇಡಿ!" ಎಂಬ ಕೂಗು ಕೇಳಿತು, ಫೋಟೊ ಆಯಿತು, ಜನ ಚದುರಿದರು.

ಮನೆಗೆ ಬಂದು ಕ್ಲಿಫರ್ಡ್ ಮೂರು ಸಲ ಮೈ ಉಜ್ಜಿದ. ಅಂಗಡಿಯಿಂದ ಎರಡು ಬಂಗುಡೆ ತಂದು ಪಕ್ಕದ ಮನೆಯ ಬಾಗಿಲು ತಟ್ಟಿದ.

ಮಿಸೆಸ್ ಪಿಕರಿಂಗ್ ಮೀನನ್ನು ಬೆರಳಿಂದ ಒತ್ತಿ ನೋಡಿದಳು. "ಐಸ್ ಕಟ್ಟಿದೆಯಲ್ರೀ! ನೀರು ಅಷ್ಟು ತಣ್ಣಗಿತ್ತಾ?"

"ತುಂಬಾ."

ಅವಳು ಒಳಗೆ ಹೋಗಿ, ತಟ್ಟೆ ತುಂಬ ಬಿಸಿ ಬನ್ನು ತಂದು ಅಂಗಳದ ಬೆಂಚಿನ ಮೇಲಿಟ್ಟಳು. "ಈ ಸಲ ಹದಿನೆಂಟು ಮಾಡಿದೀನಿ. ಹನ್ನೆರಡು ನಿಮಗೆ, ಆರು ಹಕ್ಕಿಗಳಿಗೆ."

ಕ್ಲಿಫರ್ಡ್ ಕನ್ನಡಕ ಸರಿಪಡಿಸಿಕೊಂಡು ನೋಡಿದ. ಅವಳ ಕಿವಿಯ ಹಿಂದೆ ಬೆರಳಗಲದ ನೀಲಿ ಬಣ್ಣ ಉಳಿದಿತ್ತು. ಭೂಮಿ ಬಾಯಿಬಿಡಬಾರದೇ ಅನ್ನಿಸಿತು.

"ಡೊರೀನ್ ಆಸ್ಪತ್ರೆಯಲ್ಲೇ ಹೇಳಿದ್ಲು," ಅವಳು ಮೆಲ್ಲಗೆ ಅಂದಳು. "ಎಡಗಡೆ ಜಾಗ ಬಿಟ್ಕೊಂಡು ನಿಂತಿರ್ತಾನೆ, ನೀನು ಹೋಗಿ ನಿಂತ್ಕೋ ಅಂತ. ಕೂತ್ಕೊಳ್ಳಿ, ಟೀ ತರ್ತೀನಿ. ಒಂದೇ ಕಪ್."

ಕ್ಲಿಫರ್ಡ್ ಕಣ್ಣೊರೆಸಿಕೊಂಡು ಕೂತ. ಅವಳು ಟೀ ತಂದಿಟ್ಟು, ಎದುರಿಗೇ ಕುರ್ಚಿ ಎಳೆದು ಕೂತಳು. ಅವನು ಒಂದು ಬನ್ನು ಕೈಗೆತ್ತಿಕೊಂಡು ಆಕಾಶ ನೋಡಿದ. ಎಲ್ಲೂ ಒಂದು ಹಕ್ಕಿಯೂ ಇರಲಿಲ್ಲ.