ಅರ್ಜಿಯನ್ನು ಕೆಳಗಿನಿಂದ ಓದುವವನು

ಅರ್ಜಿಗಳನ್ನು ಮೇಲಿನಿಂದ ಕೆಳಕ್ಕೆ ಓದುವವರು ಈ ಲೋಕದಲ್ಲಿ ಇದ್ದಾರೆ ಎಂಬುದು ನಲವತ್ತಾರು ವರ್ಷವಾಗುವವರೆಗೆ ನನಗೆ ಗೊತ್ತಿರಲಿಲ್ಲ. ನಾನು ಕೆಳಗಿನಿಂದ ಓದುವವನು. ಇದು ಹುಟ್ಟುಗುಣವಲ್ಲ, ಕಸುಬಿನಿಂದ ಅಂಟಿಕೊಂಡದ್ದು. ಕುವೈತಿನಲ್ಲಿ ಸಿಮೆಂಟು, ಕಬ್ಬಿಣ ಮಾರುವ ಒಂದು ಕಂಪೆನಿಯಲ್ಲಿ ಹದಿನೇಳು ವರ್ಷ ಟೈಪಿಸ್ಟ್ ಆಗಿದ್ದ ನನಗೆ ಒಂದು ಸಂಗತಿ ಮನದಟ್ಟಾಗಿತ್ತು. ಯಾವ ಅರ್ಜಿಯಲ್ಲೂ ಮೇಲೆ ಇರುವುದು ಬರೀ ಉಪಚಾರದ ಮಾತು, ಕೆಲಸಕ್ಕೆ ಬರುವುದೆಲ್ಲ ಕೆಳಗೆ, 'ಲಗತ್ತಿಸಬೇಕಾದ ದಾಖಲೆಗಳು' ಎಂದು ಬರೆದಲ್ಲಿ ಇರುತ್ತದೆ. ಅದೊಂದು ಸರಿಯಿದ್ದರೆ ಇಕಾಮಾ, ಅಂದರೆ ವಾಸದ ಪರವಾನಗಿ, ನವೀಕರಣವಾಗುತ್ತದೆ, ಹೆಂಡತಿಗೆ ವೀಸಾ ಬರುತ್ತದೆ. ಶುಕ್ರವಾರ ಬೆಳಗ್ಗೆ ರಿಗ್ಗೈ ಬಡಾವಣೆಯ ನಮ್ಮ ಮನೆಗೆ ಊರಿನವರೆಲ್ಲ ಕಾಗದ ಹಿಡಿದುಕೊಂಡು ಬರುತ್ತಿದ್ದರು. "ಶೆಟ್ರೇ, ಇದೊಂದು ನೋಡಿ ಮಾರಾಯ್ರೆ" ಎಂದರೆ ಸಾಕು, ನಾನು ಕನ್ನಡಕ ಏರಿಸಿ, ಕಾಗದವನ್ನು ನೇರ ಕೊನೆಯ ಪುಟಕ್ಕೆ ತಿರುಗಿಸಿ, "ಫೋಟೊ ನಾಲ್ಕು, ಝೆರಾಕ್ಸ್ ಆರು, ಒರಿಜಿನಲ್ ಮಾತ್ರ ಯಾರ ಕೈಗೂ ಕೊಡ್ಬೇಡಿ" ಎನ್ನುತ್ತಿದ್ದೆ. ಡಾಕ್ಟರು ನಾಡಿ ಹಿಡಿದು ಹೇಳಿದ ಮಾತು ಎಂಬಂತೆ ಜನ ತಲೆಯಾಡಿಸುತ್ತಿದ್ದರು. ಇಷ್ಟು ಮರ್ಯಾದೆ ಸಿಕ್ಕಿದ ಮನುಷ್ಯ ತನ್ನ ಅಭ್ಯಾಸವನ್ನು ಯಾಕೆ ಬದಲಿಸುತ್ತಾನೆ ಹೇಳಿ.

ಈ ಮರ್ಯಾದೆಗೆ ಪೆಟ್ಟು ಬಿದ್ದದ್ದು ನನ್ನ ಮಗಳು ನಮಿತಾ ಮೆದುಳಿನ ಹಿಂದೆ ಬಿದ್ದದ್ದರಿಂದ. ಅದಕ್ಕೆ ಕಾರಣ ನಮ್ಮ ಎದುರು ಬಾಗಿಲಿನ ಫಿಲೋಮಿನಾ ಬಾಯಿ. ಬಂಟ್ವಾಳದ ಕಡೆಯವರು, ಮನೆಮಾತು ಕೊಂಕಣಿ, ದೊಡ್ಡ ಆಸ್ಪತ್ರೆಯೊಂದರ ನರರೋಗದ ವಾರ್ಡಿನಲ್ಲಿ ನರ್ಸ್. ಡ್ಯೂಟಿ ಮುಗಿಸಿ ಬಂದವರು ನಮ್ಮಲ್ಲಿ ಚಹಾ ಕುಡಿಯುತ್ತಾ ವಾರ್ಡಿನ ಸುದ್ದಿ ಹೇಳುತ್ತಿದ್ದರು. ಒಬ್ಬ ಮುದುಕನಿಗೆ ಹೆಂಡತಿಯ ಹೆಸರು ಬಾಯಿಗೆ ಬರುವುದಿಲ್ಲವಂತೆ, ಆದರೆ ಮುತ್ತು ಹೆಕ್ಕುವ ದೋಣಿಯಲ್ಲಿ ಹಾಡುತ್ತಿದ್ದ ಹಾಡನ್ನು ಒಂದು ಸೊಲ್ಲು ತಪ್ಪದೆ ಹಾಡುತ್ತಾನಂತೆ. ಒಬ್ಬ ಹೆಂಗಸು ತಟ್ಟೆಯ ಬಲಭಾಗದ ಅನ್ನ ಮಾತ್ರ ಉಂಡು, ಎಡಭಾಗದ್ದು ಕಾಣದೆ, ಇನ್ನೂ ಬಡಿಸಿ ಎಂದು ಜಗಳ ಮಾಡುತ್ತಾಳಂತೆ. ಇದನ್ನು ಕೇಳಿ ನನ್ನ ಹೆಂಡತಿ ಸರೋಜಾ "ದೇವರೇ" ಎನ್ನುತ್ತಿದ್ದಳು. ಹೆಂಡತಿಯ ಹೆಸರು ಮರೆಯುವುದು ರೋಗವೋ ಅನುಕೂಲವೋ ಎಂದು ನಾನು ತಮಾಷೆ ಮಾಡಿ ಬೈಸಿಕೊಳ್ಳುತ್ತಿದ್ದೆ. ನಮಿತಾ ಮಾತ್ರ ಗಲ್ಲಕ್ಕೆ ಕೈಕೊಟ್ಟು ಕೂತು, "ಆಂಟಿ, ಹಾಡು ತಲೆಯ ಯಾವ ಕಡೆ ಇರ್ತದೆ? ಹೆಸರು ಯಾವ ಕಡೆ?" ಎಂದು ಕೇಳುತ್ತಿದ್ದಳು. ಹನ್ನೆರಡನೆಯ ತರಗತಿಗೆ ಬರುವಾಗ ಅವಳ ತೀರ್ಮಾನ ಗಟ್ಟಿಯಾಗಿತ್ತು. "ಪಪ್ಪ, ಐ ವಾಂಟ್ ಟು ಸ್ಟಡಿ ನ್ಯೂರೋಸೈನ್ಸ್."

ಆ ಶಬ್ದ ರಿಗ್ಗೈಗೆ ಹೊಸತು. ನಾನು ಹೆಮ್ಮೆಯಿಂದ ಹೇಳಿದವರೆಲ್ಲ ಒಂದೇ ಥರ ಕೇಳುತ್ತಿದ್ದರು. "ಅಂದ್ರೆ ನರದ ಡಾಕ್ಟ್ರಾ?" ಅಲ್ಲ ಎಂದರೆ, "ಮತ್ತೆ ಎಂತ? ಡಾಕ್ಟ್ರಲ್ಲದವರಿಗೆ ಮೆದುಳು ಎಂತಕ್ಕೆ?" ಒಂದು ಚಳಿಗಾಲದ ದಿನ ಇಂಗ್ಲೆಂಡಿನ ಒಂದು ವಿಶ್ವವಿದ್ಯಾಲಯದಿಂದ ನಮಿತಾ ತಾನೇ ಪತ್ರ ಬರೆದು ತರಿಸಿಕೊಂಡ ಪುಸ್ತಿಕೆ ಬಂತು. ಆ ಪದವಿಗೆ ಸೇರಲು ಏನೇನು ಬೇಕು ಎಂಬುದೆಲ್ಲ ಅದರಲ್ಲಿತ್ತು, ವಿದ್ಯಾರ್ಥಿವೇತನದ ಅರ್ಜಿಯೂ ಜೊತೆಗಿತ್ತು. ಅರ್ಜಿ ಎಂದ ಮೇಲೆ ಅದು ನನ್ನ ಇಲಾಖೆ. ಪುಸ್ತಿಕೆಯನ್ನು ಮಗಳ ಕೈಯಿಂದ ಹೆಚ್ಚುಕಮ್ಮಿ ಕಿತ್ತುಕೊಂಡೆ.

ಕೊನೆಯ ಪುಟ ತೆರೆದೆ. ಆಹಾ, ದಾಖಲೆಗಳ ಪಟ್ಟಿ! ಅಂಕಪಟ್ಟಿ, ಜನನ ಪ್ರಮಾಣಪತ್ರ, ಶಾಲೆಯ ಶಿಫಾರಸು, ಹಣಕಾಸಿನ ಹೇಳಿಕೆ. ಅವರು ಕೇಳಿದ್ದು ಇಷ್ಟೇ, ದೃಢೀಕರಣದ ಮಾತೇ ಇರಲಿಲ್ಲ. ಪಾಪ, ಇಂಗ್ಲೆಂಡಿನವರಿಗೆ ಅನುಭವ ಸಾಲದು ಎಂದುಕೊಂಡು ಒಂದೊಂದಕ್ಕೂ ಮೂರು ಮೂರು ಕಡೆ ಮುದ್ರೆ ಹಾಕಿಸಲು ಹೊರಟೆ. ಒಂದು ಕಚೇರಿಯ ಕಿಟಕಿಯಲ್ಲಿದ್ದವನು ನನ್ನ ಮುಖ ನೋಡದೆ "ಬುಕ್ರಾ" ಎನ್ನುತ್ತಿದ್ದ, ಎಂದರೆ ನಾಳೆ. ಮರುದಿನ ಹೋದರೆ ಆ ದಿನದ ಬುಕ್ರಾ. ನಾನು ಕಂಪೆನಿಗೆ ಅರ್ಧ ದಿನ ರಜೆ ಹಾಕಿ, ಎರಡನೆಯ ಸಲ ಹೊಟ್ಟೆನೋವು ಹೇಳಿ, ಮೂರನೆಯ ಸಲ ನಿಜವಾಗಿಯೂ ಹೊಟ್ಟೆನೋವು ಬಂದು ಹೋದೆ. ಕೊನೆಗೆ ಅವನು ಒಂದು ದಿನ ಖುಷಿಯಲ್ಲಿದ್ದನೋ ಏನೋ, ಕಾಗದಕ್ಕೆ ಅಂಟಿಸಿದ್ದ ಫೋಟೊದ ಮೇಲೆಯೇ ಮುದ್ರೆಯನ್ನು ಗಟ್ಟಿಯಾಗಿ ಕುಟ್ಟಿಬಿಟ್ಟ. ನಮಿತಾಳ ಮೂಗಿನ ಮೇಲೆ ಸರ್ಕಾರದ ಲಾಂಛನದ ಗಿಡುಗ ರೆಕ್ಕೆ ಬಿಚ್ಚಿ ಕೂತಿತು. ಅದನ್ನು ನೋಡಿ ನನಗೆ ಕಣ್ಣು ತುಂಬಿ ಬಂತು. ಮಗಳ ಭವಿಷ್ಯ ಭದ್ರವಾಯಿತು ಎನಿಸಿತು.

ಮುದ್ರೆಗಾಗಿ ಅಲೆದ ಈ ನಾಲ್ಕು ತಿಂಗಳಲ್ಲಿ ನಮಿತಾ ಎರಡು ಸಲ, "ಪಪ್ಪ, ಫಸ್ಟ್ ಪೇಜ್ ಒಮ್ಮೆ ನೋಡಿ" ಎಂದದ್ದು ನಿಜ. "ಫಸ್ಟ್ ಪೇಜಲ್ಲಿ ಎಂತ ಇರ್ತದೆ ಮಗಾ, ವಿಶ್ವವಿದ್ಯಾಲಯದ ಫೋಟೊ ಇರ್ತದೆ" ಎಂದೆ. ಎರಡನೆಯ ಸಲ ಅವಳು ಏನೋ ಹೇಳಲು ಬಾಯಿ ತೆರೆದಳು. ನಾನು ಆಗ ಫೈಲಿಗೆ ಹಸಿರು ದಾರ ಕಟ್ಟುತ್ತಿದ್ದೆ, ಕೆಂಪು ದಾರ ಕಟ್ಟಿದರೆ ಚೆನ್ನಾಗಿತ್ತೇನೋ ಎಂದು ಅವಳನ್ನೇ ಕೇಳಿದೆ. ಅವಳು "ಗ್ರೀನ್ ಈಸ್ ನೈಸ್ ಪಪ್ಪ" ಎಂದು ಒಳಗೆ ಹೋದಳು. ಮೂಲಪ್ರತಿಗಳನ್ನು ಆ ಫೈಲಿನಲ್ಲಿ ಇಟ್ಟು, ನಕಲುಗಳನ್ನು ಅಂಚೆಗೆ ಹಾಕಿದೆ.

ಜೂನ್ ತಿಂಗಳಲ್ಲಿ ಉತ್ತರ ಬಂತು. ಅಷ್ಟು ಮರ್ಯಾದೆಯ ಕಾಗದವನ್ನು ನಾನು ನೋಡಿಯೇ ಇರಲಿಲ್ಲ. ಇಷ್ಟು ಅಚ್ಚುಕಟ್ಟಾದ ದಾಖಲೆಗಳು ತಮ್ಮಲ್ಲಿಗೆ ಅಪರೂಪಕ್ಕೆ ಬರುತ್ತವೆ ಎಂದು ಹೊಗಳಿದ್ದರು. ಆದರೆ ಅರ್ಜಿದಾರಳು ಗಣಿತ ಓದಿಲ್ಲವಾದ್ದರಿಂದ ಪರಿಗಣಿಸಲಾಗದು, ಪುಸ್ತಿಕೆಯ ಮೊದಲ ಪುಟ ನೋಡುವುದು ಎಂದಿತ್ತು. ನಾನು ರೇಗಿದೆ. "ಇದೆಂಥ ಕಥೆ? ಗಣಿತ ಯಾಕೆ ಓದಿಲ್ಲ ನೀನು?" ಉತ್ತರ ಕೊಟ್ಟವಳು ಸರೋಜಾ. "ಅವಳನ್ನು ಕೇಳ್ತೀರಾ? ಹನ್ನೊಂದನೆಯ ಕ್ಲಾಸಿನ ಫಾರ್ಮ್ ತುಂಬಿಸಿದ್ದು ಯಾರು?"

ಈಗ ಮುಚ್ಚಿಡುವುದರಲ್ಲಿ ಅರ್ಥವಿಲ್ಲ, ಹೇಳಿಬಿಡುತ್ತೇನೆ. ಆ ಫಾರ್ಮಿನ ಬುಡದಲ್ಲಿ ಪೋಷಕರ ಸಹಿ ಎಂದಿತ್ತು. ಸಹಿ ಹಾಕಿ, ಫೋಟೊ ಅಂಟಿಸಿ ಕಳಿಸಿದ್ದೆ. ಮೇಲುಗಡೆ ಐದನೆಯ ವಿಷಯ ಗಣಿತವೋ ಬೇರೆಯೋ ಎಂದು ಗುರುತು ಹಾಕುವ ಚೌಕಗಳಿದ್ದವಂತೆ. ಅವು ಖಾಲಿ ಇದ್ದವೆಂದು ಶಾಲೆಯ ಗುಮಾಸ್ತರು ಆಫೀಸಿಗೆ ಫೋನ್ ಮಾಡಿದ್ದರು. ನಾನು ಆಗ ಕಫೀಲರ, ಅಂದರೆ ನಮ್ಮ ಧಣಿಯ, ಯಾವುದೋ ತುರ್ತು ಪತ್ರ ಟೈಪು ಮಾಡುತ್ತಿದ್ದೆ. "ಎಲ್ಲಿ ಸೀಟು ಉಂಟೋ ಅಲ್ಲಿ ಹಾಕಿ ಮಾರಾಯ್ರೆ" ಎಂದೆ. ಸೀಟು ಇದ್ದದ್ದು ದೈಹಿಕ ಶಿಕ್ಷಣದಲ್ಲಿ. ಮೆದುಳು ಓದಬೇಕೆಂದಿದ್ದ ಹುಡುಗಿ ಎರಡು ವರ್ಷ ವಾಲಿಬಾಲ್ ನೆಟ್ಟಿನ ಎತ್ತರ, ಕಬಡ್ಡಿ ಅಂಕಣದ ಉದ್ದಗಲ ಬಾಯಿಪಾಠ ಮಾಡಿದಳು. ಅದರಲ್ಲಿ ತರಗತಿಗೇ ಮೊದಲನೆಯವಳಾಗಿ ಬಂದಾಗ ನಾನು ಊರಿಗೆಲ್ಲ ಲಡ್ಡು ಹಂಚಿದ್ದೆ. ಈಗ ಅದನ್ನು ನೆನೆದು ನಾಚಿಕೆಯಿಂದ ನೆಲ ನೋಡಿದೆ. "ಪರ್ವಾಗಿಲ್ಲ ಪಪ್ಪ" ಎಂದಳು ನಮಿತಾ. ಅವಳು ಅತ್ತಿದ್ದರೆ ನನಗೆ ಹಗುರವಾಗುತ್ತಿತ್ತು. ಆ ಪುಸ್ತಿಕೆಯ ಮೊದಲ ಪುಟ ನೋಡುವ ಧೈರ್ಯವಾಗಲಿಲ್ಲ. ಅದನ್ನೂ ಹಸಿರು ದಾರದ ಫೈಲಿಗೆ ಸೇರಿಸಿ ಕಪಾಟಿನಲ್ಲಿಟ್ಟು ಬೀಗ ಹಾಕಿದೆ.

ಜುಲೈಯಲ್ಲಿ ಎಂದಿನಂತೆ ರಜೆಗೆ ಊರಿಗೆ ಹೊರಟೆವು. ಫೈಲನ್ನು ತೆಗೆದುಕೊಳ್ಳೋಣ ಎಂದಳು ಸರೋಜಾ. ಒರಿಜಿನಲ್ಲುಗಳು ಪ್ರಯಾಣ ಮಾಡಬಾರದು ಎಂಬುದು ನನ್ನ ನಿಯಮ. ಝೆರಾಕ್ಸ್ ಪ್ರತಿಗಳನ್ನು ಸೂಟ್‌ಕೇಸಿಗೆ ಹಾಕಿ, ಮನೆಯ ಕೀಲಿಯನ್ನು ಫಿಲೋಮಿನಾ ಬಾಯಿಯ ಕೈಗೆ ಕೊಟ್ಟು, "ಮನೆಗಿಂತ ಹೆಚ್ಚಾಗಿ ಕಪಾಟು ನೋಡಿಕೊಳ್ಳಿ ಬಾಯಿ" ಎಂದೆ. ಆಗಸ್ಟ್ ಶುರುವಿನ ಒಂದು ಬೆಳಗ್ಗೆ ಸುರತ್ಕಲ್ಲಿನ ಮಾವನ ಮನೆಯಲ್ಲಿ ನೀರುದೋಸೆ ತಿನ್ನುತ್ತಿದ್ದಾಗ ರೇಡಿಯೊ, ಕುವೈತಿಗೆ ನೆರೆದೇಶದ ಸೈನ್ಯ ನುಗ್ಗಿದೆ ಎಂದಿತು. ಕೆಲಸ ಹೋಯಿತು, ಮನೆ ಹೋಯಿತು, ಅಲ್ಲಿ ಉಳಿದವರ ಗತಿ ಏನು ಎಂದು ಎಲ್ಲರೂ ಮಾತಾಡುತ್ತಿದ್ದರು. ನನಗೂ ಆ ಹೆದರಿಕೆ ಬಂತು, ಬರಲಿಲ್ಲವೆಂದಲ್ಲ. ಆದರೆ ಮೊದಲು ನೆನಪಾದದ್ದು ಕಪಾಟು. ಹೇಳಿಕೊಳ್ಳಲು ಸಂಕೋಚವೇ, ಆದರೂ ನಿಜ.

ಮಂಗಳೂರಿನ ಒಂದು ಕಾಲೇಜಿಗೆ ನಮಿತಾಳನ್ನು ಕರೆದುಕೊಂಡು ಹೋದೆ. ಅಲ್ಲಿನ ಪ್ರಿನ್ಸಿಪಾಲರು ತಾಳ್ಮೆಯವರು. "ಈ ಹೆಸರಿನ ಪದವಿ ನಮ್ಮಲ್ಲಿಲ್ಲ ಶೆಟ್ರೇ. ಮೊದಲು ಬಿಎಸ್ಸಿ ಆಗ್ಲಿ, ಆಮೇಲೆ ದೊಡ್ಡ ಸಂಸ್ಥೆಗಳಲ್ಲಿ ಎಂಎಸ್ಸಿ, ಆಮೇಲೆ ಸಂಶೋಧನೆ. ಆದರೆ ಹನ್ನೆರಡರಲ್ಲಿ ಗಣಿತ ಇಲ್ಲದಿದ್ರೆ ಮುಂದೆ ಕಷ್ಟ ಉಂಟು. ಬರುವ ವರ್ಷ ಗಣಿತ ಪಾಸು ಮಾಡಿ, ಒರಿಜಿನಲ್ ಅಂಕಪಟ್ಟಿ ಹಿಡ್ಕೊಂಡು ಬನ್ನಿ, ಸೀಟು ಕೊಡುವ" ಎಂದರು. ನಾನು ಝೆರಾಕ್ಸಿನ ಕಟ್ಟು ಮುಂದಿಟ್ಟೆ. ಅವರು ಗಿಡುಗ ಕೂತ ಮೂಗನ್ನು ಕುತೂಹಲದಿಂದ ನೋಡಿ, "ಒರಿಜಿನಲ್ ಎಲ್ಲಿ?" ಎಂದರು. ಯುದ್ಧ ನಡೆಯುವ ಊರಲ್ಲಿ ಭದ್ರವಾಗಿ ಉಂಟು ಎಂದು ಹೇಳುವ ಬದಲು ಝೆರಾಕ್ಸಿನ ಕಟ್ಟನ್ನು ಮತ್ತೆ ಚೀಲಕ್ಕೆ ತುಂಬಿದೆ.

ಗಣಿತ ಕಲಿಸುವವರನ್ನು ಹುಡುಕಬೇಕು ಎಂದು ಮನೆಗೆ ಬಂದು ಹೇಳಿದೆ. ಸರೋಜಾ ತೆಂಗಿನಕಾಯಿ ತುರಿಯುತ್ತಿದ್ದವಳು ತಲೆಯೆತ್ತದೆ, "ಹುಡುಕುವುದು ಎಂತಕ್ಕೆ? ನಾನಿಲ್ವಾ?" ಎಂದಳು. ನನ್ನ ಹೆಂಡತಿ ಪಿಯುಸಿಯಲ್ಲಿ ಗಣಿತ ಓದಿ ಫಸ್ಟ್ ಕ್ಲಾಸಿನಲ್ಲಿ ಪಾಸಾದವಳು ಎಂಬುದು ಮದುವೆಯಾಗಿ ಹತ್ತೊಂಬತ್ತು ವರ್ಷವಾದ ಮೇಲೆ ನನಗೆ ತಿಳಿಯಿತು. "ಹೇಳ್ಲೇ ಇಲ್ಲ ಅಲ್ವಾ ನೀನು?" ಎಂದೆ. "ಹೆಣ್ಣು ನೋಡುವುದಕ್ಕೆ ಬಂದಾಗ ಕೊಟ್ಟ ಕಾಗದದಲ್ಲಿ ಮೇಲೆಯೇ ಬರೆದಿತ್ತು" ಎಂದಳು. ನಿಜವಿರಬೇಕು. ನಾನು ಆ ಕಾಗದದ ಬುಡದಲ್ಲಿದ್ದ ನಕ್ಷತ್ರ ನೋಡಿ, ಸರಿಯಾಗುತ್ತದೆ ಎಂದು ಮಡಚಿ ಜೇಬಿಗೆ ಹಾಕಿದ್ದೆ. ಆ ವರ್ಷವಿಡೀ ತಾಯಿ ಮಗಳು ಅಡುಗೆಮನೆಯ ಮಣೆಯ ಮೇಲೆ ಕೂತು ಲೆಕ್ಕ ಮಾಡಿದರು. ನಾನು ಪೆನ್ಸಿಲ್ ಚೂಪು ಮಾಡಿಕೊಡುತ್ತಿದ್ದೆ. ಮಾರ್ಚಿನಲ್ಲಿ ನಮಿತಾ ಗಣಿತವೊಂದನ್ನೇ ಹೆಚ್ಚುವರಿ ವಿಷಯವಾಗಿ ಪರೀಕ್ಷೆ ಬರೆದಳು. ಹೇಗಾಯಿತು ಎಂದರೆ "ಓಕೆ" ಎಂದಳು. ಆ ಓಕೆಯ ಅರ್ಥ ಯಾವ ತಂದೆಗೂ ಗೊತ್ತಾಗುವುದಿಲ್ಲ.

ಯುದ್ಧ ಮುಗಿದು, ಮೇ ತಿಂಗಳಲ್ಲಿ ಕುವೈತಿನ ಕಂಪೆನಿಯಿಂದ ಕರೆ ಬಂತು. ಹೋದೆ. ಮಧ್ಯಾಹ್ನಕ್ಕೇ ಕಾರುಗಳು ದೀಪ ಹಾಕಿಕೊಂಡು ಓಡುತ್ತಿದ್ದವು. ವಫ್ರಾದ ಕಡೆ ಎಣ್ಣೆಬಾವಿಗಳು ಇನ್ನೂ ಉರಿಯುತ್ತಿದ್ದವು, ಅಂಗಿಯ ಕಾಲರು ಒಂದು ಗಂಟೆಯೊಳಗೆ ಹೊಗೆಗೆ ಕಪ್ಪು. ಫಿಲೋಮಿನಾ ಬಾಯಿ ವಾರ್ಡು ಬಿಟ್ಟು ಹೋಗದೆ ಅಷ್ಟೂ ತಿಂಗಳು ಅಲ್ಲೇ ಇದ್ದವರು. ತುಂಬ ಇಳಿದುಹೋಗಿದ್ದರು. ನನ್ನನ್ನು ನೋಡಿ ಮೊದಲು ಅತ್ತರು, ನಾನೂ ಅತ್ತೆ. ಆಮೇಲೆ ಕೀಲಿ ತಂದರು. "ಕೀಲಿ ಸುಮ್ನೆ ಶೆಟ್ರೇ, ಬಾಗಿಲು ಇಲ್ಲ. ಫ್ರಿಜ್ ಹೋಯ್ತು, ಟಿವಿ ಹೋಯ್ತು, ನಿಮ್ಮ ಟೈಪ್‌ರೈಟರೂ ಹೋಯ್ತು. ಬಲ್ಬ್ ಕೂಡ ಬಿಡ್ಲಿಲ್ಲ ಅವ್ರು, ಖಲಾಸ್." ಕಪಾಟಿನ ಬಾಗಿಲು ಮುರಿದು ಬಿದ್ದಿತ್ತು. ಅದರ ಕೆಳಗೆ ನೆಲದ ಮೇಲೆ ಧೂಳು ಹೊದ್ದು ಮಲಗಿತ್ತು ಹಸಿರು ದಾರದ ಫೈಲು. ಗಂಟು ಕೂಡ ಬಿಚ್ಚಿರಲಿಲ್ಲ. ಕುವೈತಿನ ಹದಿನೇಳು ವರ್ಷದ ಸಂಸಾರದಲ್ಲಿ ಯಾರಿಗೂ ಬೇಡವಾದ ಒಂದೇ ವಸ್ತು ನನಗೆ ಬೇಕಾದದ್ದಾಗಿತ್ತು. "ಅಷ್ಟು ಮುದ್ರೆ ನೋಡಿ ಹೆದರಿರ್ಬೇಕು" ಎಂದರು ಬಾಯಿ, ಎಷ್ಟೋ ತಿಂಗಳ ಮೇಲೆ ನಕ್ಕವರಂತೆ.

ಖಾಲಿ ನೆಲದ ಮೇಲೆ ಕೂತು ಒಂದೊಂದೇ ಕಾಗದ ತೆಗೆದೆ. ಅಂಕಪಟ್ಟಿ ಇತ್ತು, ಗಿಡುಗವೂ ಕ್ಷೇಮವಾಗಿತ್ತು. ಕೊನೆಗೆ ಪುಸ್ತಿಕೆ ಸಿಕ್ಕಿತು. ಅದನ್ನು ಕಿಟಕಿಯ ಬೆಳಕಿಗೆ ಹಿಡಿದು ನನ್ನ ಜನ್ಮದಲ್ಲಿ ಮೊದಲ ಬಾರಿಗೆ ಮೊದಲ ಪುಟ ತೆರೆದೆ. ವಿಶ್ವವಿದ್ಯಾಲಯದ ಫೋಟೊ ಇರಲಿಲ್ಲ. ರಸಾಯನಶಾಸ್ತ್ರ, ಜೀವಶಾಸ್ತ್ರ, ಗಣಿತ ಕಡ್ಡಾಯ ಎಂದಿತ್ತು. ಗಣಿತದ ಕೆಳಗೆ ಪೆನ್ಸಿಲಿನಲ್ಲಿ ಗೆರೆ ಎಳೆದಿತ್ತು. ಪಕ್ಕದಲ್ಲಿ ನಮಿತಾ ತನ್ನ ಅಂಕುಡೊಂಕು ಕನ್ನಡದಲ್ಲಿ ಬರೆದಿದ್ದಳು: "ಪಪ್ಪ, ಇದು ಓದಿದ ಮೇಲೆ ಬೇಜಾರು ಮಾಡಬೇಡಿ. ನೀವು ತುಂಬಾ ಖುಷಿಯಲ್ಲಿ ಇದ್ದೀರಿ. ಮ್ಯಾಥ್ಸ್ ನಾನು ಆಮೇಲೆ ಮಾಡುತ್ತೇನೆ." ಕೆಳಗೆ ತಾರೀಕು ಹಾಕಿದ್ದಳು. ಪುಸ್ತಿಕೆ ಬಂದ ವಾರದ್ದು.

ಎಂದರೆ ನಾನು ಮುದ್ರೆಗಾಗಿ ಊರು ಸುತ್ತಿದ ನಾಲ್ಕು ತಿಂಗಳೂ ಅವಳಿಗೆ ಎಲ್ಲ ಗೊತ್ತಿತ್ತು. ಹಾಡು ತಲೆಯ ಯಾವ ಕಡೆ ಇರುತ್ತದೋ ನನಗೆ ತಿಳಿಯದು, ಆದರೆ ಆ ಮೂರು ಸಾಲನ್ನು ಅಲ್ಲೇ ಕೂತು ಬಾಯಿಪಾಠ ಮಾಡಿದೆ. ಬಾಯಿ ಚಹಾ ತಂದು ಪಕ್ಕದಲ್ಲಿಟ್ಟು ಹೋದರು.

ಊರಿಗೆ ಹೊರಟ ಪರಿಚಯದವರೊಬ್ಬರ ಕೈಯಲ್ಲಿ ಒರಿಜಿನಲ್ಲುಗಳನ್ನೇ ಕಳಿಸಿದೆ, ನಿಯಮ ಮುರಿದು. ಜೊತೆಗೆ ಎರಡು ಪುಟದ ಪತ್ರ. ತಪ್ಪಾಯಿತು ಎಂದು ಬರೆದೆ. ಇನ್ನು ಮುಂದೆ ಸಿಕ್ಕಿದ್ದನ್ನೆಲ್ಲ ಮೇಲಿನಿಂದಲೇ ಓದುತ್ತೇನೆ ಎಂದು ಪ್ರತಿಜ್ಞೆಯನ್ನೂ ಮಾಡಿದೆ. ಮೂರು ವಾರದ ಮೇಲೆ ಉತ್ತರ ಬಂತು. ಆಫೀಸಿನಲ್ಲೇ ನಿಂತು ಕವರು ಹರಿದೆ. ಆರು ಪುಟ, ಎರಡೂ ಬದಿ. ಪ್ರತಿಜ್ಞೆ ಮಾಡಿದವನ ಕೈ ತನ್ನಷ್ಟಕ್ಕೇ ಕಟ್ಟನ್ನು ತಿರುಗಿಸಿತು, ಕಣ್ಣು ಕಟ್ಟಕಡೆಯ ಸಾಲಿಗೆ ಹೋಗಿ ಕೂತಿತು. ಅಲ್ಲಿ, ತನ್ನ ಸಹಿಯ ಕೆಳಗೆ, ದೊಡ್ಡ ಅಕ್ಷರದಲ್ಲಿ ಅವಳು ಬರೆದಿದ್ದಳು:

"ಪಪ್ಪ, ಮ್ಯಾಥ್ಸ್ ಪಾಸ್. ಸೀಟು ಸಿಕ್ಕಿತು. ಇನ್ನು ಮೇಲಿನಿಂದ ಓದಿ."